ಖಾಲಿ ಬಿಟ್ಟ ನಾಲ್ಕು ಸಾಲು

ಹೋದ ವಾರ ಟ್ರಂಕು ಒಪ್ಪಮಾಡುವಾಗ ಹಳೆಯ ಸೀರೆಗಳ ಕೆಳಗೆ ಒಂದು ಕಾರ್ಬನ್ ಹಾಳೆ ಸಿಕ್ಕಿತು. ಸುಮ್ಮನೆ ಮೂಗಿಗೆ ಹಿಡಿದೆ. ಅದೇ ಎಣ್ಣೆಗಟ್ಟಿದ ಶಾಯಿಯ ವಾಸನೆ... ಇಷ್ಟು ವರ್ಷವಾದರೂ ಬೆರಳಿಗೆ ನೀಲಿ ಹತ್ತಿತು. ಜೊತೆಗೆ ಮಡಿಸಿಟ್ಟ ಒಂದು ಜಾಮೀನು ಅರ್ಜಿಯ ಪ್ರತಿ ಇತ್ತು. ಬಿಡಿಸಿ ನೋಡಿದರೆ ಟೈಪಿನ ಸಾಲುಗಳ ಪಕ್ಕ ನಮ್ಮ ವಕೀಲರ ಅಕ್ಷರ.

ಎಪ್ಪತ್ತರ ದಶಕದ ಮೊದಲಲ್ಲಿ ದೊಡ್ಡಬಳ್ಳಾಪುರದ ಅವರ ಆಫೀಸಿಗೆ ನಾನು ಟೈಪಿಸ್ಟಾಗಿ ಸೇರಿದಾಗ ಎರಡು ಮಕ್ಕಳ ತಾಯಿ. ಆಫೀಸೆಂದರೆ ಮಗ್ಗದ ಮನೆಗಳ ಬೀದಿಯಲ್ಲಿ ಒಂದೇ ಕೋಣೆ. ಮಗ್ಗಗಳ ಸದ್ದಿಗೆ ನನ್ನ ಟೈಪಿಂಗ್ ಸದ್ದು ನನಗೇ ಕೇಳಿಸುತ್ತಿರಲಿಲ್ಲ. ವಕೀಲರಿಗೆ ಒಂದು ವಿಚಿತ್ರ ಪದ್ಧತಿ ಇತ್ತು. ಜಾಮೀನು ಅರ್ಜಿ ಹಾಕುವ ಮುಂಚೆ ಆರೋಪಿಯ ಊರಿಗೆ ತಾವೇ ಬಸ್ಸು ಹತ್ತಿ ಹೋಗುತ್ತಿದ್ದರು. ಮನೆ ನೋಡುತ್ತಿದ್ದರು, ಅಕ್ಕಪಕ್ಕದವರನ್ನು ವಿಚಾರಿಸುತ್ತಿದ್ದರು, ಕೊಟ್ಟರೆ ಮಜ್ಜಿಗೆ ಕುಡಿದು ಬರುತ್ತಿದ್ದರು. ಉಳಿದ ವಕೀಲರೆಲ್ಲ, ಹೆಣ್ಣು ನೋಡೋಕೆ ಹೋಗಿದ್ರಾ ಸಾರ್ ಎಂದು ಛೇಡಿಸುತ್ತಿದ್ದರು. ಇವರು ತಲೆ ಕೆಡಿಸಿಕೊಂಡವರಲ್ಲ. ಕಣ್ಣಾರೆ ಕಂಡದ್ದನ್ನು ಬಿಟ್ಟು ಬೇರೇನನ್ನೂ ಕೋರ್ಟಿನಲ್ಲಿ ಹೇಳುತ್ತಿರಲಿಲ್ಲ.

ಈ ಅರ್ಜಿಯ ಆರೋಪಿ ಸಾಸಲು ಕಡೆಯ ಒಬ್ಬ ಲಾರಿ ಡ್ರೈವರ್. ಆಲೂಗಡ್ಡೆ ಮೂಟೆಗಳ ಕೆಳಗೆ ಗಾಂಜಾ ಮೂಟೆಗಳು. ಒಂದೆರಡಲ್ಲ, ಅರ್ಧ ಲಾರಿ. ತನಗೇನೂ ಗೊತ್ತಿಲ್ಲವೆಂದು ಅವನ ಮಾತು. ಈಗಿನಷ್ಟು ಬಿಗಿಯಾದ ಕಾನೂನು ಆಗ ಇರಲಿಲ್ಲ ನಿಜ, ಆದರೆ ಅಷ್ಟು ಮಾಲು ಸಿಕ್ಕ ಮೇಲೆ ಜಾಮೀನು ಕೊಡಲು ಯಾವ ಮ್ಯಾಜಿಸ್ಟ್ರೇಟರಾದರೂ ಹಿಂಜರಿಯುತ್ತಿದ್ದರು. ಒಂದು ಸಲ ಅರ್ಜಿ ವಜಾ ಆಗಿತ್ತು. ಅವನ ಹೆಂಡತಿ ತುಂಬು ಬಸುರಿ. ಮನೆಯಲ್ಲಿ ಬೇರೆ ಗಂಡು ದಿಕ್ಕಿಲ್ಲ. ನಮ್ಮ ಆಫೀಸಿನ ಮೆಟ್ಟಿಲ ಮೇಲೆ ಬೆಳಿಗ್ಗೆಯಿಂದ ಕೂತಿರುತ್ತಿದ್ದಳು, ನನ್ನ ಬುತ್ತಿಯಲ್ಲಿ ಅವಳಿಗೂ ಒಂದು ಪಾಲು.

ಎರಡನೇ ಅರ್ಜಿಯ ಕರಡನ್ನು ವಕೀಲರು ಕೈಯಲ್ಲಿ ಬರೆದುಕೊಟ್ಟು, ಅಲ್ಲಿನ ಕೋರ್ಟಿನಿಂದ ಏನೋ ದಾಖಲೆಯ ನಕಲು ತರಬೇಕೆಂದು ಹೊಸಕೋಟೆಗೆ ಹೊರಟುಹೋದರು. ಕರಡಿನ ಮಧ್ಯೆ ನಾಲ್ಕು ಸಾಲಿನಷ್ಟು ಜಾಗ ಖಾಲಿ ಇತ್ತು. ಪಾಪ, ಗಡಿಬಿಡಿಯಲ್ಲಿ ಮರೆತಿದ್ದಾರೆ ಅಂದುಕೊಂಡೆ. ಎಲ್ಲ ಜಾಮೀನು ಅರ್ಜಿಗಳಲ್ಲೂ ಆ ಜಾಗಕ್ಕೆ ಒಂದು ಸಾಲು ಬರುತ್ತಿತ್ತು, ಆರೋಪಿಯ ಮೇಲೆ ಹಿಂದೆ ಯಾವ ಮೊಕದ್ದಮೆಯೂ ಇಲ್ಲ ಎಂದು. ಅದನ್ನು ಎಷ್ಟು ಸಲ ಹೊಡೆದಿದ್ದೆನೋ, ಬೆರಳಿಗೆ ಬಾಯಿಪಾಠ. ಮೆಟ್ಟಿಲ ಮೇಲೆ ಕೂತವಳ ಮುಖ ನೋಡಿ ಅದನ್ನೇ ಹೊಡೆದು ತುಂಬಿಸಿದೆ. ಉಪಕಾರ ಮಾಡಿದೆನೆಂಬ ಸಮಾಧಾನ ಬೇರೆ!

ಮಾರನೇ ದಿನ ವಕೀಲರು ಬಸ್ಸಿಳಿದವರೇ ಕೋರ್ಟಿಗೆ ಬಂದರು. ನಾನು ಕೊಟ್ಟ ಕಾಗದಕ್ಕೆ, ಓದಲೂ ಪುರುಸೊತ್ತಿಲ್ಲದೆ, ನಿಂತಲ್ಲೇ ಸಹಿ ಹಾಕಿದರು. ಕೇಸು ಕರೆದರು. ಸರ್ಕಾರಿ ವಕೀಲರು ಮಾಲಿನ ರಾಶಿಯನ್ನೇ ಮತ್ತೆ ಮತ್ತೆ ಹೇಳಿದರು, ಬಿಟ್ಟರೆ ಗಡಿ ದಾಟಿ ಓಡಿಹೋಗುತ್ತಾನೆಂದರು. ನಮ್ಮವರು ಎದ್ದು ಅರ್ಜಿ ಓದುತ್ತಾ ಆ ಸಾಲಿಗೆ ಬಂದು ನಿಂತುಬಿಟ್ಟರು. ತಿರುಗಿ ನನ್ನ ಕಡೆ ಒಂದು ಸಲ ನೋಡಿದರು.

"ಸ್ವಾಮಿ, ಇಲ್ಲೊಂದು ತಪ್ಪಿದೆ. ಸಹಿ ನಂದು, ತಪ್ಪೂ ನಂದೇ. ಇವನ ಮೇಲೆ ಮೂರು ವರ್ಷದ ಹಿಂದೆ ಹೊಸಕೋಟೆಯಲ್ಲಿ ಕಳ್ಳಭಟ್ಟಿ ಸಾಗಿಸಿದ ಕೇಸಾಗಿತ್ತು. ದಂಡವೂ ಆಗಿದೆ."

ಆ ಕೇಸು ಸರ್ಕಾರಿ ವಕೀಲರಿಗೇ ಗೊತ್ತಿರಲಿಲ್ಲ. ಇವರು ಬಾಯಿಮುಚ್ಚಿಕೊಂಡಿದ್ದರೆ ಯಾರಿಗೂ ತಿಳಿಯುತ್ತಿರಲಿಲ್ಲ. ಬಸುರಿ ನನ್ನ ರಟ್ಟೆ ಹಿಡಿದು ಪಿಸುಗುಟ್ಟಿದಳು, "ಇದ್ಯಾಕಕ್ಕಾ, ನಮ್ ವಕೀಲ್ರೇ ನಮ್ಮನ್ನ ಹಿಡ್ಕೊಡ್ತಾವ್ರೆ?" ನನಗೆ ಭೂಮಿ ಬಾಯಿಬಿಡಬಾರದೇ ಅನ್ನಿಸಿತು.

ವಕೀಲರು ಚೀಲದಿಂದ ಹೊಸಕೋಟೆಯಲ್ಲಿ ತಂದ ನಕಲನ್ನು ತೆಗೆದು ಮೇಜಿನ ಮೇಲಿಟ್ಟರು. ಆ ಹಳೆಯ ಕೇಸಿನ ಹನ್ನೊಂದು ವಾಯಿದೆಗಳ ಪಟ್ಟಿ ಅದು. ಹನ್ನೊಂದಕ್ಕೆ ಹನ್ನೊಂದೂ ದಿನ ಡ್ರೈವರ್ ಹಾಜರ್. "ತಪ್ಪು ಮಾಡಿದ್ನೋ ಇಲ್ವೋ, ಅದು ವಿಚಾರಣೇಲಿ ತೀರ್ಮಾನ ಆಗ್ಲಿ ಸ್ವಾಮಿ. ಇವತ್ತಿನ ಪ್ರಶ್ನೆ, ಕರೆದಾಗ ಬರ್ತಾನಾ ಅನ್ನೋದು. ಇವನು ಬಂದಿದ್ದಾನೆ. ಊರಿಗೂ ಹೋಗಿ ಬಂದೆ, ಓಡಿಹೋಗೋ ಮನೆ ಅಲ್ಲ ಅದು."

ಮ್ಯಾಜಿಸ್ಟ್ರೇಟರು ಪಟ್ಟಿಯನ್ನು ಬಹಳ ಹೊತ್ತು ನೋಡಿದರು. ಆಮೇಲೆ ಇಬ್ಬರು ಜಾಮೀನುದಾರರು, ವಾರಕ್ಕೊಮ್ಮೆ ಠಾಣೆಯಲ್ಲಿ ಸಹಿ, ತಾಲ್ಲೂಕು ದಾಟುವಂತಿಲ್ಲ ಎಂದು ಷರತ್ತು ಹಾಕಿ ಜಾಮೀನು ಕೊಟ್ಟರು. ಸಾಲುಗಟ್ಟಿ ನಿಂತಿದ್ದ ವಕೀಲರ ನಡುವೆ ನಮ್ಮವರು ಮಾಸಿದ ಕೋಟಿನಲ್ಲಿ ಹೊರಗೆ ಬಂದಾಗ, ಇವರು ನಮ್ಮ ಸಾಹೇಬರು ಎಂದು ಕೂಗಿ ಹೇಳಬೇಕೆನಿಸಿತ್ತು ನನಗೆ.

ಬೈಗುಳಕ್ಕೆ ಕಾಯುತ್ತಾ ಸಂಜೆಯವರೆಗೂ ತಲೆ ತಗ್ಗಿಸಿ ಕೂತಿದ್ದೆ. ವಕೀಲರು ಕಾಫಿ ತರಿಸಿ, ನನ್ನ ಕಡೆಗೊಂದು ಲೋಟ ಸರಿಸಿ, "ಗೊತ್ತಿಲ್ಲದ ಜಾಗಾನ ಖಾಲಿ ಬಿಡ್ಬೇಕಮ್ಮಾ" ಅಂದರು. ಅಷ್ಟೇ.

ಡ್ರೈವರನಿಗೆ ಗಂಡುಮಗು ಹುಟ್ಟಿತು. ಕೇಸು ಎರಡು ವರ್ಷ ನಡೆದು ಅವನಿಗೆ ಶಿಕ್ಷೆಯೂ ಆಯಿತು. ಆದರೆ ಒಂದು ವಾಯಿದೆಯನ್ನೂ ತಪ್ಪಿಸಲಿಲ್ಲ. ತೀರ್ಪಿನ ದಿನ, ಒಳಗೆ ಹೋಗುವುದು ಖಾತ್ರಿಯೆಂದು ತಿಳಿದೂ, ಮಗುವನ್ನು ಎತ್ತಿಕೊಂಡು ಎಲ್ಲರಿಗಿಂತ ಮುಂಚೆ ಬಂದು ನಿಂತಿದ್ದ. ಅವನ ಪರವಾಗಿ ಮಾತು ಕೊಟ್ಟ ನಮ್ಮ ವಕೀಲರು ಅವನ ಪಕ್ಕದಲ್ಲೇ ನಿಂತಿದ್ದರು.

ಈಗ ಆ ಕೋಣೆಯಲ್ಲಿ ಮೊಬೈಲ್ ಅಂಗಡಿ. ವಕೀಲರು ಹೋಗಿಯೂ ಬಹಳ ವರ್ಷವಾಯಿತು... ತಪ್ಪು ನನ್ನದು ಸಾರ್ ಎಂದು ಅವರೆದುರು ಒಂದು ದಿನವೂ ಬಾಯಿಬಿಟ್ಟು ಹೇಳಲಿಲ್ಲ, ಆ ಕೊರಗು ಇದ್ದೇ ಇದೆ. ಅರ್ಜಿಯ ಪ್ರತಿಯಲ್ಲಿ ನಾನು ಹೊಡೆದ ಸಾಲಿನ ಮೇಲೆ ಅವರು ಅಡ್ಡಗೆರೆ ಎಳೆದು, ಪಕ್ಕದಲ್ಲಿ ನಿಜ ಬರೆದು, ಕೆಳಗೆ ತಮ್ಮ ಸಹಿ ಹಾಕಿದ್ದಾರೆ. ಸಹಿಯ ಮೇಲೆ ಕೈಯಾಡಿಸಿದೆ. ನನ್ನ ಬೆರಳಿನ ನೀಲಿ ಅದಕ್ಕೂ ಸ್ವಲ್ಪ ಹತ್ತಿತು.