ಕುರಿಗಳ ಪಾಲಾದ ಕನ್ನಡ

ಸಾಂಗಲಿ ಪಕ್ಕದ ಕುಪವಾಡದ ಕೈಗಾರಿಕಾ ವಸಾಹತು ಎಂಐಡಿಸಿಯ ಹಿಂದಿನ ಗೋಡೆಗೆ ಇನ್ನೂ ಬೆಳಕು ಹತ್ತಿಲ್ಲ. ಕಾರ್ಖಾನೆಯ ಭೋಂಗಾ ಕೂಗಿ, ರಸ್ತೆ ತುಂಬ ಸೈಕಲ್ಲು ಟೆಂಪೋ ಆಗುವುದರೊಳಗೆ ಕುರಿಗಳು ದಾಟಬೇಕು. ಸ್ವಪ್ನಾಲಿ ಕುರಿಹಟ್ಟಿಯ ಮುಳ್ಳು ಸರಿಸಿ, "ನಿದ್ದಿ ಆತೇನವ್ವಾ ಕೆಂಚಿ? ಬಾ, ನೀರ ಕುಡಿ" ಎನ್ನುತ್ತಾಳೆ. ಕೆಂಚು ಬಣ್ಣದ ಕುರಿಯೊಂದು ಮುಂದೆ ಬರುತ್ತದೆ, ಹಿಂಡು ಅದರ ಬೆನ್ನು ಹತ್ತುತ್ತದೆ. ಕೋಲು ಹಿಡಿದು ನಿಂತ ಅತ್ತೆ ರಾಯವ್ವ ಮುಖ ಆ ಕಡೆ ತಿರುಗಿಸುತ್ತಾರೆ.

"ಹೊಟ್ಟಿಕಿಚ್ಚು ಬರತೈತ್ರಿ," ಎಂದು, ಇಲ್ಲಿನ ಕನ್ನಡದ ಬಗ್ಗೆ ಬರೆಯಲು ಕರ್ನಾಟಕದಿಂದ ಬಂದ ನಾನು ಕೇಳುವ ಮೊದಲೇ ಹೇಳಿಬಿಡುತ್ತಾರೆ. "ಸುಳ್ಳ್ಯಾಕ ಹೇಳ್ಲಿ."

ಅರವತ್ತು ದಾಟಿದ ಈ ಹೆಣ್ಣುಮಗಳು ಹುಟ್ಟಿದಾಗಿನಿಂದ ಕುರಿಯ ಹಿಂದೆಯೇ ನಡೆದವರು. ಮನೆಯ ಹಿರಿಯರು ಹುಲ್ಲು ಹುಡುಕುತ್ತ ಕರ್ನಾಟಕದ ಕಡೆಯಿಂದ ಬಂದು ಇಲ್ಲೇ ನಿಂತರು. ಜೊತೆಗೆ ತಂದ ಕನ್ನಡಕ್ಕೆ ಮೊದಲು ಪೇಟೆಯ ಮರಾಠಿ ಸೇರಿತು. ಆಮೇಲೆ ಚಿಕ್ಕಪ್ಪ, ಚಿಕ್ಕಮ್ಮ ಹೋಗಿ ಕಾಕಾ, ಮಾವಶಿ ಮನೆಯೊಳಗೆ ಬಂದರು. ಕೊನೆಗೆ ಶಾಲೆಗೆ ಹೋದ ಮಕ್ಕಳು ಮನೆಗೆ ಬಂದದ್ದೇ ಮರಾಠಿಯಲ್ಲಿ. ಈಗ ಮೇವಿನ ಜಾಗವೆಲ್ಲ ಪ್ಲಾಟು, ಶೆಡ್ಡು. ನೆರೆಯವರು ಕುರಿ ಮಾರಿ ಕಾರ್ಖಾನೆ ಸೇರಿದ್ದಾರೆ. ಮಗ ಗುರಲಿಂಗನದೂ ಲೇತ್ ಕೆಲಸ. ತಾಯಿಯ ಮಾತು ಅವನಿಗೆ ಪೂರಾ ತಿಳಿಯುತ್ತದೆ, ಉತ್ತರ ಮಾತ್ರ ಮರಾಠಿಯದು. ಇಲ್ಲಿ ಕನ್ನಡದಲ್ಲಿ ಮಾತಿಗೆ ಮಾತು ಕೊಡಲು ಉಳಿದಿದ್ದವರು ನಾದಿನಿ ಮುತ್ತವ್ವ ಒಬ್ಬರೇ.

"ಹೋದ ವರ್ಸ ಅಕಿನೂ ಹೋದ್ಲು. ಈಗ ನಾನಾ ಆಡಿ ನಾನಾ ಕೇಳ್ಕೋತೇನ್ರಿ," ಎನ್ನುತ್ತಾರೆ. ಅದಕ್ಕೇ ಇರಬೇಕು, ಬಂದಾಗಿನಿಂದ ನನ್ನನ್ನು ಬಿಟ್ಟಿಲ್ಲ. "ನಿಮ್ಮ ಮಾತ ರೇಡಿಯೋದಾಗಿನ ಬಾತ್ಮಿ ಕೇಳಿದಂಗ ಆಗತೈತಿ. ಇರ್ಲಿ, ಆಡ್ರಿ," ಎಂದು ಕಾಲೆಳೆಯುವುದನ್ನೂ ಬಿಟ್ಟಿಲ್ಲ.

ಸ್ವಪ್ನಾಲಿ ಸಾಂಗಲಿಯ ಮರಾಠಿ ಹುಡುಗಿ. ಬಂದ ಹೊಸತರಲ್ಲಿ 'ಯೇ, ಯೇ' ಎಂದು ಮರಾಠಿಯಲ್ಲಿ ಕರೆದರೆ ಒಂದು ಕುರಿಯೂ ತಲೆ ಎತ್ತಲಿಲ್ಲವಂತೆ. ಆಗ ರಾಯವ್ವನೇ ಒಂದೊಂದು ಮಾತನ್ನೂ ಬಾಯಿಪಾಠ ಮಾಡಿಸಿದರು: ಬಾ, ನಡಿ, ಕುಡಿ, ಮಲಕೋ. ಹುಡುಗಿ ಚುರುಕು. ನೋಡನೋಡುತ್ತ ಹಿಂಡು ಅತ್ತೆಯ ದನಿ ಬಿಟ್ಟು ಸೊಸೆಯ ದನಿಗೆ ಹೋಯಿತು.

ಹಾಗಾದರೆ ಅತ್ತೆಯ ಜೊತೆಗೂ ಅದೇ ಕನ್ನಡ ಆಡಬಾರದೇ? ಕೇಳಿದ್ದಕ್ಕೆ ಸ್ವಪ್ನಾಲಿ ನಾಚುತ್ತ, ಆದದ್ದನ್ನು ಮರಾಠಿಯಲ್ಲಿ ಹೇಳುತ್ತಾಳೆ. ಒಮ್ಮೆ ಲಿಂಗನೂರಿನಿಂದ ರಾಯವ್ವನ ಅಣ್ಣ ಗುರುಸಿದ್ಧಪ್ಪ ಬಂದಿದ್ದರು. ಬಿಸಿಲಲ್ಲಿ ಬಂದ ಅತ್ತೆಗೆ ಇವಳು ಚೊಂಬು ಹಿಡಿದು, ಪ್ರೀತಿಯಿಂದಲೇ, "ಬಾ, ನೀರ ಕುಡಿ" ಎಂದಳು. "ಸೊಸಿ ಅತ್ತೀನ ಕುರಿಯಂಗ ಹಟ್ಟಿಗಿ ಹೊಡದ್ಲು ನೋಡ" ಎಂದು ಗುರುಸಿದ್ಧಪ್ಪ ನಕ್ಕರು. ರಾಯವ್ವನೂ ನಕ್ಕರು. ಕುರಿಗೆ ಯಾರಾದರೂ ಗೌರವದ 'ರಿ' ಹಚ್ಚಿ ಮಾತಾಡುತ್ತಾರೆಯೇ? ಹಿರಿಯರೊಂದಿಗೆ ಆಡುವ ಕನ್ನಡವನ್ನು ಅವಳಿಗೆ ಯಾರೂ ಕಲಿಸಿರಲೇ ಇಲ್ಲ. ಅಂದಿನಿಂದ ಅತ್ತೆಗೆ ಮರಾಠಿ, ಕುರಿಗೆ ಕನ್ನಡ.

ಭೋಂಗಾ ಕೂಗುತ್ತದೆ. ಹಿಂಡು ಆಗಲೇ ರಸ್ತೆ ದಾಟಿದೆ. ಇಷ್ಟು ಕಲಿತ ಸೊಸೆಯ ಮೇಲೆ ಹೊಟ್ಟೆಕಿಚ್ಚು ಪಡುವುದು ಸರಿಯೇ ಎಂದು ನಾನು ರಾಯವ್ವನನ್ನು ತುಸು ಗದರುತ್ತೇನೆ.

"ಸೊಸಿ ಮ್ಯಾಲ ಯಾಕ ಬರಲಿ? ಆ ಕೆಂಚಿ ಮ್ಯಾಲ ಬರತೈತ್ರಿ," ಎಂದು ಕೋಲು ಎತ್ತಿ ತೋರಿಸುತ್ತಾರೆ. "'ರಿ' ಬ್ಯಾಡ, ಏನೂ ಬ್ಯಾಡ. ಮುಂಜಾನೆ ಎದ್ದು ನನಗೂ ಒಂದಿನ 'ನಿದ್ದಿ ಆತೇನವ್ವಾ' ಅಂದ್ರ ಸಾಕು."