ಬಾಗಿಲು ಕಿತ್ತ ಹಾಡಿಗೆ ಕುಣಿದವರು

‘ಆಫ್ರಿಕನ್ ಮ್ಯೂಸಿಕ್ ಅಂದ್ರೆ ಬರೀ ಖುಷಿ, ಅಂಕಲ್. ಆ ಜನಕ್ಕೆ ಟೆನ್ಷನ್ನೇ ಇಲ್ಲ,’ ಎನ್ನುತ್ತ ನಮ್ಮ ಮನೆ ಮಾಲೀಕರು ಕ್ಯಾಸೆಟ್ಟಿನ ಸದ್ದು ಏರಿಸಿದರು. ಡಾಟ್‌ಕಾಂ ಕಂಪನಿಗಳು ಉಬ್ಬುತ್ತಿದ್ದ ಕಾಲ. ಕ್ಯಾಲಿಫೋರ್ನಿಯಾದ ಮೌಂಟನ್ ವ್ಯೂನಲ್ಲಿ ಅವರು ಇನ್ನೊಂದು ಅಪಾರ್ಟ್‌ಮೆಂಟ್ ಕೊಂಡದ್ದಕ್ಕೆ ಸಂತೋಷಕೂಟ. ಹಿತ್ತಲ ತುಂಬ ಎಂಜಿನಿಯರುಗಳು ಕುಣಿಯುತ್ತಿದ್ದರು. ಅರ್ಧ ಜನ ಅವರ ಬಾಡಿಗೆದಾರರೇ.

ಯೌವನವನ್ನು ಪೂರ್ವ ಆಫ್ರಿಕದ ಮೊಂಬಾಸಾದ ದಿನಸಿ ಅಂಗಡಿಯೊಂದರಲ್ಲಿ ಕಳೆದು, ಗಿರಾಕಿಗಳಿಂದಲೇ ಸ್ವಾಹಿಲಿ ಕಲಿತ ನನಗೆ ಅದೇ ಭಾಷೆಯ ಆ ಹಾಡಿನಲ್ಲಿ ಖುಷಿ ಕೇಳಿಸಲಿಲ್ಲ. ಹಾಗೆಂದು ಹೇಳಹೊರಟೆ.

‘ಅಪ್ಪಾ, ಸುಮ್ನಿರಿ. ನಮ್ಮ ಲೀಸು ಇನ್ನೂ ರಿನ್ಯೂ ಆಗಿಲ್ಲ,’ ಎಂದು ಮಗಳು ತೋಳು ಹಿಡಿದಳು.

ಸುಳ್ಳು ಕೇಳಿ ಸುಮ್ಮನಿರುವ ವಿದ್ಯೆಯನ್ನು ನನಗೆ ಯಾರೂ ಕಲಿಸಿಲ್ಲ. ‘ಬಾಡಿಗೆ ಕೊಡಲಾಗದವಳ ಮನೆ ಬಾಗಿಲನ್ನೇ ಮಾಲೀಕ ಕಿತ್ಕೊಂಡು ಹೋಗಿದ್ದಾನೆ. ಮಕ್ಕಳ ಹಸಿವನ್ನ ಬೀದಿ ಕಣ್ಣಿಂದ ಹೇಗೆ ಮುಚ್ಚಿಡಲಿ ಅಂತ ಅವಳು ಹಾಡ್ತಿದ್ದಾಳೆ, ಸ್ವಾಮಿ. ನೀವು ಕುಣೀತಿರೋದು ಅದಕ್ಕೆ.’

ಮಾಲೀಕರು ಸದ್ದು ತಗ್ಗಿಸಿದರು. ‘ಬಾಗಿಲು ಕಿತ್ಕೊಂಡು ಹೋಗೋದಾ? ಒಳ್ಳೆ ಐಡಿಯಾ, ಅಂಕಲ್,’ ಎಂದರು. ಎಲ್ಲರೂ ನಕ್ಕರು, ಬಾಡಿಗೆದಾರರು ತುಸು ಜೋರಾಗಿಯೇ ನಕ್ಕರು.

ಲೀಸು ರಿನ್ಯೂ ಆಯಿತು, ಬಾಡಿಗೆ ಏರಿತು, ನಮ್ಮ ಬಾಗಿಲು ಉಳಿಯಿತು. ಅರ್ಥ ತಿಳಿದ ಮೇಲೆ ಕುಣಿಯಲು ಮಜಾ ಇಲ್ಲವೆಂದು ಮಾಲೀಕರು ಆ ಕ್ಯಾಸೆಟ್ಟನ್ನು ನನಗೇ ಕೊಟ್ಟುಬಿಟ್ಟರು. ಅದು ಇಂದಿಗೂ ಕೆಟ್ಟಿಲ್ಲ. ಸ್ವಾಹಿಲಿ ಬಲ್ಲ ಯಾರು ಬೇಕಾದರೂ ಬಂದು ಕೇಳಿ ನೋಡಬಹುದು: ಹಾಡಿನ ಕೊನೆಯ ಸಾಲಿನವರೆಗೂ ಆ ಬಾಗಿಲು ಮರಳಿ ಬರುವುದಿಲ್ಲ.