ಚನ್ನರಾಯನದುರ್ಗದಿಂದ ಇಟಲಿಯ ಬೆಟ್ಟದೂರಿಗೆ

ಶಿವರಾತ್ರಿ ಕಳೆದ ಮೊದಲ ಭಾನುವಾರ ಮಧುಗಿರಿಯಲ್ಲಿ ಕೊರಟಗೆರೆ ಕಡೆಯ ಬಸ್ಸು ಹತ್ತಿದೆ. ಯುದ್ಧಕಾಲ, ಪೆಟ್ರೋಲು ಸಿಗದೆ ಬಸ್ಸುಗಳು ಇದ್ದಿಲಿನ ಗ್ಯಾಸಿನಲ್ಲಿ ಓಡುತ್ತಿದ್ದವು. ಮೂರಾಣೆ ಕೊಟ್ಟು ಕೂತವರೆಲ್ಲ ಏರು ಬಂದಾಗ ಇಳಿದು ತಳ್ಳಿದೆವು. ಚನ್ನರಾಯನದುರ್ಗದ ದಾರಿಯಲ್ಲಿ ಇಳಿಯುವಾಗ ಬಿಸಿಲು ಚುರುಗುಟ್ಟುತ್ತಿತ್ತು. ಅಲ್ಲಿಂದ ಬೆಟ್ಟದ ಮಗ್ಗುಲಿನ ಹಟ್ಟಿಗೆ ಎರಡು ಮೈಲಿ ನಡಿಗೆ.

ಹೊರಟಿದ್ದು ಈರಮ್ಮನ ಮನೆಗೆ. ಆಕೆಯ ಮಗ ಜುಂಜಣ್ಣ ಮಧುಗಿರಿಯಲ್ಲಿ ಎರಡು ವರ್ಷ ನನ್ನ ಭೂಗೋಳದ ಪಾಠ ಕೇಳಿದ್ದ. ಆಮೇಲೆ ಕುರಿ ಕಾಯ್ದ, ಸೈನ್ಯ ಸೇರಿದ. ಇಟಲಿಯ ಬೆಟ್ಟಗಳಲ್ಲಿ ಹೇಸರಗತ್ತೆಯ ಮೇಲೆ ಸಾಮಾನು ಸಾಗಿಸುತ್ತಿದ್ದವನು ಸತ್ತನೆಂದು ತಂತಿ ಬಂದು ತಿಂಗಳಾಗಿತ್ತು. ಈಗ ಅವನ ಸಾಹೇಬರಿಂದ ಇಂಗ್ಲಿಷಿನಲ್ಲಿ ಕಾಗದ ಬಂದಿದೆ, ಓದಿ ಹೇಳಬೇಕು ಎಂದು ಆಕೆ ಹೇಳಿಕಳಿಸಿದ್ದಳು. ಭೂಪಟದ ಪುಸ್ತಕವನ್ನೂ ಚೀಲದಲ್ಲಿಟ್ಟುಕೊಂಡಿದ್ದೆ.

ಈರಮ್ಮ ಮಜ್ಜಿಗೆ ಕೊಟ್ಟು, ಸೆರಗಿನ ಗಂಟಿನಿಂದ ಕಾಗದ ಬಿಚ್ಚಿದಳು. ಮೊದಲು ಮನಸ್ಸಿನಲ್ಲೇ ಓದಿಕೊಂಡೆ. ಕಣಿವೆಯ ದಾರಿಯಲ್ಲಿ ಹಿಮ ಕುಸಿದು ಜುಂಜಣ್ಣ ಅದರಡಿ ಸಿಕ್ಕಿಬಿದ್ದಿದ್ದ. ದಳ ನಿಲ್ಲುವಂತಿರಲಿಲ್ಲ, ಮುಂದೆ ಹೋಯಿತು. ಎಂಟು ದಿನದ ಮೇಲೆ ಆ ಬೆಟ್ಟದೂರಿನ ಕುರಿ ಕಾಯುವವರು ಅವನನ್ನು ಕಂಡು ತಾವೇ ಮಣ್ಣು ಮಾಡಿದ್ದರು. ಆ ಎಂಟು ದಿನದ ಮಾತನ್ನು ನುಂಗಿಬಿಡೋಣವೆನಿಸಿ, ಹಿಮ ಕುಸಿದದ್ದಷ್ಟನ್ನು ಹೇಳಿ ನಿಲ್ಲಿಸಿದೆ.

"ಯಾಕ್ ನಿಲ್ಸ್‌ಬುಟ್ರಿ ಮೇಷ್ಟ್ರೇ? ಇರೋದ್ನ ಇದ್ದಂಗೇ ಹೇಳಿ," ಎಂದಳು.

ಹೇಳಿದೆ. ಆಕೆ ಕಾಗದವನ್ನು ತೆಗೆದುಕೊಂಡು ಮಡಿಚಿ ಮತ್ತೆ ಸೆರಗಿಗೆ ಗಂಟು ಹಾಕಿಕೊಂಡಳು. ಆಮೇಲೆ ಕೇಳಿದಳು: "ಹಿಮ ಅಂದ್ರೆ ಹೆಂಗಿರ್ತೈತೆ?"

ಇಪ್ಪತ್ತು ವರ್ಷ ಹಿಮಾಲಯ, ಆಲ್ಪ್ಸ್, ಆಂಡೀಸ್ ಎಂದು ಪಾಠ ಹೇಳಿದವನು ನಾನು. ನಾಚಿಕೆಯಾಯಿತು. "ನಾನೂ ಕಂಡಿಲ್ಲಮ್ಮ. ಉಪ್ಪಿನ ರಾಶಿ ಹಾಗೆ ಬೆಳ್ಳಗಿರುತ್ತಂತೆ. ಕೈ ಮರಗಟ್ಟುವಷ್ಟು ಚಳಿಯಂತೆ."

ಭೂಪಟ ಬಿಚ್ಚಿ, ಇಟಲಿಯ ಉದ್ದಕ್ಕೂ ಹಾದುಹೋಗುವ ಅಪೆನೈನ್ ಬೆಟ್ಟಸಾಲನ್ನು ತೋರಿಸಿದೆ. ಕಂದು ಬಣ್ಣದ ಮೇಲೆ ಬೆರಳಿಟ್ಟು ಆಕೆ ಎದುರಿನ ದುರ್ಗದ ಬಂಡೆಯನ್ನು ನೋಡಿದಳು.

"ನಮ್ಮುದ್ಕಿಂತ ದೊಡ್ಡುದಾ?"

"ದೊಡ್ಡದು."

"ಅಲ್ಲಿ ಕುರಿ ಹೆಂಗ್ ಮೇಯ್ತವೆ?"

"ಹುಲ್ಲು ಚಿಗುರಿದಾಗ ಮೇಲಕ್ಕೆ ಹೊಡೆದುಕೊಂಡು ಹೋಗ್ತಾರೆ. ಚಳಿಗೆ ಕೆಳಗೆ ಊರಿಗೆ ಇಳೀತಾರೆ."

"ಅಂಗಾರೆ ನಮ್ಮಂಗೇ ಜನ," ಎಂದವಳೇ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅತ್ತಳು.

ಮುಖ ಒರೆಸಿಕೊಂಡ ಮೇಲೆ, "ಅವ್ರಿಗೊಂದು ಕಾಗ್ದ ಬರ್ಕೊಡಿ," ಎಂದಳು. ಸಾಹೇಬರಿಗೆ ಕಳಿಸಿದರೆ ಆ ಊರಿಗೆ ಮುಟ್ಟಿಸಿಯಾರು ಎಂದುಕೊಂಡು, ಆಕೆ ಹೇಳಿದ್ದನ್ನು ಕನ್ನಡದಲ್ಲಿ ಬರೆದು ಕೆಳಗೆ ಇಂಗ್ಲಿಷಿಗೆ ತಿರುಗಿಸುತ್ತ ಹೋದೆ.

"ನನ್ ಮಗನ್ನ ಮಣ್ ಮಾಡ್ದೋರು ನೀವು. ನಾನು ಅಲ್ಲೀಗಂಟ ಬರಕ್ಕಾಗಕಿಲ್ಲ. ನಿಮ್ ಕುರಿ ಹೆಚ್ಲಿ. ನಿಮ್ ಹೊಟ್ಟೆ ತಣ್ಣಗಿರ್ಲಿ."

ಕೊನೆಯ ಮಾತಿಗೆ ಲೇಖನಿ ತಡೆಯಿತು. ಹಿಮದಲ್ಲಿ ಬದುಕುವವರಿಗೆ ತಣ್ಣಗಿರಿ ಎಂದು ಹೇಗೆ ಹರಸುವುದು?

"ಬರುದ್ರಾ?" ಎಂದು ಕೇಳಿದಳು.

ಆಕೆ ಹೇಳಿದಂತೆಯೇ ಬರೆದೆ. ಈರಮ್ಮ ಮಸಿ ಸವರಿಕೊಂಡು ಹೆಬ್ಬೆಟ್ಟೊತ್ತಿದಳು.

ಸಂಜೆ ಬಸ್ಸು ಬರಲಿಲ್ಲ. ಮಧುಗಿರಿಯತ್ತ ನಡೆದೇ ಹೊರಟೆ. ತಿರುವಿನಲ್ಲಿ ಹಿಂದಿರುಗಿ ನೋಡಿದಾಗ, ದುರ್ಗದ ನೆರಳಲ್ಲಿ ಈರಮ್ಮ ಗಟ್ಟಿಯಾಗಿ ಕೂಗುತ್ತ ಕುರಿಗಳನ್ನು ರೊಪ್ಪಕ್ಕೆ ಹೊಡೆಯುತ್ತಿದ್ದಳು.